ಗುಮಾಸ್ತರ ಮೇಜಿಗೆ ಕನ್ನಡದ ಕೀಲಿಮಣೆ

ತುಮಕೂರು ರಸ್ತೆಯ ನಾಗಸಂದ್ರವನ್ನು ಈಗ ನೋಡುವವರಿಗೆ ಅದು ಒಂದು ಕಾಲಕ್ಕೆ ಹೊಲ, ತೋಟಗಳ ಹಳ್ಳಿಯಾಗಿತ್ತು ಎಂದರೆ ನಂಬುವುದು ಕಷ್ಟ. ಒಂದು ಮಗ್ಗುಲಿಗೆ ಪೀಣ್ಯದ ಕಾರ್ಖಾನೆಗಳು, ಇನ್ನೊಂದು ಮಗ್ಗುಲಿಗೆ ಸಾಲುಮನೆಗಳ ಬಡಾವಣೆಗಳು. 2015ರ ಮೇ ತಿಂಗಳಲ್ಲಿ ಇಲ್ಲಿಗೆ ಮೆಟ್ರೊ ಬಂತು. 2024ರ ನವೆಂಬರಿನಲ್ಲಿ ಹಳಿ ಮಾದಾವರದವರೆಗೆ ಬೆಳೆಯುವ ತನಕ ಹಸಿರು ಮಾರ್ಗದ ಕೊನೆಯ ನಿಲ್ದಾಣ ಇದೇ ಆಗಿತ್ತು. ಆದರೆ ಕಂದಾಯ ಇಲಾಖೆಯ ಲೆಕ್ಕದಲ್ಲಿ ಮಾತ್ರ ಊರಿನ ವಿಳಾಸ ಹಳೆಯದೇ: ಬೆಂಗಳೂರು ಉತ್ತರ ತಾಲ್ಲೂಕು, ಯಶವಂತಪುರ ಹೋಬಳಿ, ನಾಗಸಂದ್ರ ಗ್ರಾಮ. ಇಲ್ಲಿ ಒಂದು ನಿವೇಶನ ಕೊಳ್ಳುವವರು ಎಷ್ಟೇ ಹೊಸ ಕಾಲದವರಾಗಿರಲಿ, ವಕೀಲರ ಮುಂದೆ ಕುಳಿತಾಗ ಸರ್ವೆ ನಂಬರಿನಿಂದಲೇ ಮಾತು ಆರಂಭವಾಗುತ್ತದೆ.

ಆ ವಕೀಲರ ಮೇಜಿನ ಮೇಲೆ ಸಾಮಾನ್ಯವಾಗಿ ಎರಡು ಬಗೆಯ ಪಹಣಿಗಳಿರುತ್ತವೆ. ಒಂದು ಕೈಬರಹದ್ದು. ಶಾಯಿ ಮಾಸಿರುತ್ತದೆ, ಮಡಿಕೆಯ ಜಾಗದಲ್ಲಿ ಹರಿದಿರುತ್ತದೆ. ಗ್ರಾಮಲೆಕ್ಕಿಗರ ಅಕ್ಷರ ದುಂಡಗಿದ್ದರೆ ಓದುವವನ ಪುಣ್ಯ. ಇನ್ನೊಂದು ಗಣಕಯಂತ್ರದಲ್ಲಿ ಮುದ್ರಿಸಿದ್ದು. ಅದೇ ಅಂಕಣಗಳು, ಅದೇ ಎಕರೆ ಗುಂಟೆ, ಆದರೆ ಅಚ್ಚಿನ ಕನ್ನಡ. ಈ ಎರಡು ಹಾಳೆಗಳ ನಡುವೆ ಕನ್ನಡದ ಇತಿಹಾಸದ ಒಂದು ಅಧ್ಯಾಯವೇ ಅಡಗಿದೆ. ರಾಜರ ಶಾಸನ, ಕವಿಗಳ ಕಾವ್ಯಗಳಿಗೆ ಸಿಕ್ಕ ಗಮನ ಇದಕ್ಕೆ ಸಿಕ್ಕಿಲ್ಲ. ಸರ್ಕಾರಿ ಕಚೇರಿಯ ಮೇಜುಗಳ ಮೇಲೆ ಗಣಕ ಬಂದು ಕುಳಿತಾಗ ಅದರೊಳಗೆ ಕನ್ನಡವನ್ನು ಹೇಗೆ ಇಳಿಸಲಾಯಿತು, ಯಾರು ಇಳಿಸಿದರು, ಇಳಿಸುವಾಗ ಏನು ಎಡವಟ್ಟಾಯಿತು ಎಂಬುದು ಆ ಅಧ್ಯಾಯದ ವಸ್ತು.

ಗಣಕಕ್ಕೆ ಮೊದಲಿನ ಕಚೇರಿಯನ್ನು ಕಂಡವರು ಇನ್ನೂ ಬೇಕಾದಷ್ಟು ಜನರಿದ್ದಾರೆ. ಬಂದ ಪತ್ರ ಟಪಾಲಿನಲ್ಲಿ ದಾಖಲಾಗಿ ವಿಷಯ ನಿರ್ವಾಹಕರ ಮೇಜಿಗೆ ಬರುತ್ತಿತ್ತು. ಅವರು ಕಡತದಲ್ಲಿ ಟಿಪ್ಪಣಿ ಬರೆದು ಮೇಲಕ್ಕೆ ಕಳಿಸುತ್ತಿದ್ದರು. ಕರಡು ಒಪ್ಪಿಗೆಯಾಗಿ ಬಂದ ಮೇಲೆ ಬೆರಳಚ್ಚುಗಾರರು ಕಾರ್ಬನ್ ಹಾಳೆ ಇಟ್ಟು ಮೂರೋ ನಾಲ್ಕೋ ಪ್ರತಿ ತೆಗೆಯುತ್ತಿದ್ದರು. ನೂರಾರು ಪ್ರತಿ ಬೇಕಾದ ಸುತ್ತೋಲೆಗೆ ಮೇಣದ ಸ್ಟೆನ್ಸಿಲ್ ಹಾಳೆ, ಕೈಯಲ್ಲಿ ತಿರುಗಿಸುವ ಸೈಕ್ಲೋಸ್ಟೈಲ್ ಯಂತ್ರ. ನಾಲ್ಕನೆಯ ಕಾರ್ಬನ್ ಪ್ರತಿ ಓದುವುದೆಂದರೆ ಶಾಸನ ಓದಿದಂತೆಯೇ ಸರಿ.

ಬೆರಳಚ್ಚು ಯಂತ್ರಕ್ಕೆ ಕನ್ನಡ ಹೊಂದಿಸಿದ್ದು ಸುಲಭದ ಸಾಹಸವಾಗಿರಲಿಲ್ಲ. ಆ ಯಂತ್ರವನ್ನು ಇಂಗ್ಲಿಷಿನ 26 ಅಕ್ಷರಗಳಿಗಾಗಿ ಮಾಡಿದ್ದು. ಎಲ್ಲ ಕೀಲಿಗಳನ್ನೂ ಮೇಲೆ ಕೆಳಗೆ ಬಳಸಿದರೂ ಸುಮಾರು 90 ಗುರುತುಗಳಿಗಷ್ಟೇ ಜಾಗ. ಕನ್ನಡದಲ್ಲಿ ಸ್ವರ, ವ್ಯಂಜನ, ಕಾಗುಣಿತ, ಒತ್ತು ಎಲ್ಲ ಸೇರಿದರೆ ಬರೆಯಬೇಕಾದ ರೂಪಗಳು ಸಾವಿರಗಟ್ಟಲೆ. ಹಾಗಾಗಿ ಅಕ್ಷರವನ್ನು ತುಂಡು ಮಾಡಿ ತಲೆಕಟ್ಟು ಒಂದು ಕಡೆ, ಕೊಂಬು ಒಂದು ಕಡೆ, ಒತ್ತು ಒಂದು ಕಡೆ ಇಟ್ಟು ಕಾಗದದ ಮೇಲೆ ಜೋಡಿಸುವ ಉಪಾಯ ಹೂಡಲಾಯಿತು. ಕೆ. ಅನಂತಸುಬ್ಬರಾಯರು ರೂಪಿಸಿದ ಕೀಲಿಮಣೆ ಹೀಗೆ ಕನ್ನಡದ ಕಚೇರಿಗಳಲ್ಲಿ ನೆಲೆಯೂರಿತು. ಊರೂರಿನ ಬೆರಳಚ್ಚು ಶಾಲೆಗಳಲ್ಲಿ ಕಲಿತು, ಪರೀಕ್ಷೆ ಪಾಸು ಮಾಡಿ ಸರ್ಕಾರಿ ಕೆಲಸಕ್ಕೆ ಸೇರಿದ ಒಂದು ತಲೆಮಾರಿನ ಹುಡುಗ ಹುಡುಗಿಯರ ಅನ್ನದ ದಾರಿ ಅದೇ ಆಗಿತ್ತು. ಕನ್ನಡವನ್ನು ಆಡಳಿತ ಭಾಷೆ ಎಂದು ಸಾರಿದ ಕಾನೂನು ಬಂದದ್ದು 1963ರಲ್ಲಿ. ಆ ಕಾನೂನು ಕಾಗದದಿಂದ ಕಚೇರಿಗೆ ಇಳಿದದ್ದು ಈ ಯಂತ್ರಗಳ ಟಕಟಕ ಸದ್ದಿನೊಂದಿಗೆ ಎಂದರೆ ಉತ್ಪ್ರೇಕ್ಷೆಯಾಗದು.

ಇಂಗ್ಲಿಷ್ ಮಾತ್ರ ಬಲ್ಲ ಯಂತ್ರ

ಇಷ್ಟು ಕಷ್ಟಪಟ್ಟು ಕನ್ನಡ ಕಡತಕ್ಕೆ ಬಂದು ಕುಳಿತ ಹೊತ್ತಿಗೆ ಗಣಕ ಬಂತು. ಜಗತ್ತಿನ ಕಚೇರಿಗಳಲ್ಲಿ ಅದರ ಪ್ರವೇಶಕ್ಕೆ ಎರಡು ಬಗೆಯ ತಂತ್ರಾಂಶಗಳು ದಾರಿ ಮಾಡಿದ್ದವು. ಒಂದು, ಲೆಕ್ಕದ ಹಾಳೆ. 1979ರಲ್ಲಿ ಅಮೆರಿಕದಲ್ಲಿ ಬಂದ ವಿಸಿಕ್ಯಾಲ್ಕ್ ಅದರ ಮೂಲಪುರುಷ, 1983ರ ಲೋಟಸ್ ಅದರ ಜನಪ್ರಿಯ ಉತ್ತರಾಧಿಕಾರಿ. ಇನ್ನೊಂದು, ಪತ್ರ ಬರೆಯುವ ವರ್ಡ್‌ಸ್ಟಾರ್‌ನಂಥ ಪದ ಸಂಸ್ಕಾರಕಗಳು. ಇವೆರಡನ್ನೂ ಒಂದೇ ಗಂಟಿನಲ್ಲಿ ಕಟ್ಟಿ ಮಾರುವ ಪದ್ಧತಿಯನ್ನು 1990ರ ಹೊತ್ತಿಗೆ ಮೈಕ್ರೊಸಾಫ್ಟ್ ತನ್ನ 'ಆಫೀಸ್' ಮೂಲಕ ಗಟ್ಟಿ ಮಾಡಿತು.

ಭಾರತದಲ್ಲಿ ಗಣಕದ ಬಗ್ಗೆ ಮೊದಲಿಗೆ ಇದ್ದದ್ದು ಭಯ. ಕೆಲಸ ಹೋಗುತ್ತದೆ ಎಂದು ಬ್ಯಾಂಕು, ವಿಮಾ ನೌಕರರ ಸಂಘಗಳು ವಿರೋಧಿಸಿದ್ದವು. 1984ರ ರಂಗರಾಜನ್ ಸಮಿತಿಯ ವರದಿಯ ನಂತರ ಬ್ಯಾಂಕುಗಳಲ್ಲಿ ಆ ಪ್ರತಿರೋಧ ನಿಧಾನವಾಗಿ ಕರಗಿತು. ಕರ್ನಾಟಕದ ಕಚೇರಿಗಳಲ್ಲಿ ಮಾತ್ರ ಇದಕ್ಕೆ ಇನ್ನೊಂದು ಆತಂಕವೂ ಸೇರಿಕೊಂಡಿತು. 1982ರ ಗೋಕಾಕ್ ಚಳವಳಿಯ ಬಿಸಿ ಆರಿರಲಿಲ್ಲ. ಕಡತದಲ್ಲಿ ಕನ್ನಡ ಬರೆಯಿರಿ ಎಂದು ಸುತ್ತೋಲೆಯ ಮೇಲೆ ಸುತ್ತೋಲೆ ಹೊರಡುತ್ತಿತ್ತು. ಅದೇ ಸರ್ಕಾರ ಕೊಂಡು ತರುತ್ತಿದ್ದ ಯಂತ್ರಕ್ಕೆ ಕನ್ನಡ ಬರುತ್ತಿರಲಿಲ್ಲ! ಹೊಸ ಯಂತ್ರದಲ್ಲಿ ಬೇಗ ಕೆಲಸ ಮುಗಿಸಬೇಕೆಂದರೆ ಇಂಗ್ಲಿಷಿಗೆ ಮರಳಬೇಕು, ಕನ್ನಡದಲ್ಲಿಯೇ ಬರೆಯಬೇಕೆಂದರೆ ಹಳೆಯ ಬೆರಳಚ್ಚು ಯಂತ್ರಕ್ಕೆ ಅಂಟಿಕೊಳ್ಳಬೇಕು. ಇಂಥ ಇಕ್ಕಟ್ಟಿನಲ್ಲಿ ಕಚೇರಿಗಳು ಯಾವುದನ್ನು ಆಯ್ದುಕೊಳ್ಳುತ್ತವೆ ಎಂಬುದನ್ನು ಊಹಿಸಲು ಜ್ಯೋತಿಷ್ಯ ಬೇಕಿರಲಿಲ್ಲ. ಗಣಕದಲ್ಲಿ ಬಳಕೆಯಾಗದ ಭಾಷೆಗೆ ಮುಂದೆ ಉಳಿಗಾಲವಿಲ್ಲ ಎಂದು ಪೂರ್ಣಚಂದ್ರ ತೇಜಸ್ವಿಯವರಂಥ ಲೇಖಕರು ಗಟ್ಟಿಯಾಗಿ ಹೇಳಲು ಆರಂಭಿಸಿದ್ದು ಈ ಹಿನ್ನೆಲೆಯಲ್ಲಿ.

ಯಂತ್ರಕ್ಕೆ ಕನ್ನಡ ಕಲಿಸಲು ಮೊದಲು ಆದ ಪ್ರಯತ್ನ ಅದರ ಒಡಲಿನೊಳಗೇ ಒಂದು ಕಾರ್ಡು ತೂರಿಸುವುದು. ಐಐಟಿ ಕಾನ್ಪುರದಲ್ಲಿ ಹುಟ್ಟಿ ಪುಣೆಯ ಸಿ-ಡ್ಯಾಕ್ ಸಂಸ್ಥೆಯಲ್ಲಿ ಬೆಳೆದ 'ಜಿಸ್ಟ್' ಎಂಬ ಈ ಕಾರ್ಡನ್ನು ಸಿಕ್ಕಿಸಿದರೆ ಇಂಗ್ಲಿಷಿಗಾಗಿ ಬರೆದ ತಂತ್ರಾಂಶಗಳಲ್ಲಿಯೂ ಭಾರತೀಯ ಲಿಪಿ ಮೂಡುತ್ತಿತ್ತು. ಇದರ ಹಿಂದಿನ ಆಲೋಚನೆ ಸೊಗಸಾದದ್ದು. ಬ್ರಾಹ್ಮಿಯಿಂದ ಬಂದ ಲಿಪಿಗಳಿಗೆಲ್ಲ ವರ್ಣಮಾಲೆ ಹೆಚ್ಚು ಕಡಿಮೆ ಒಂದೇ ತಾನೆ? ಹಾಗಾದರೆ ಕನ್ನಡದ ಕ, ಹಿಂದಿಯ ಕ, ತೆಲುಗಿನ ಕ ಮೂರಕ್ಕೂ ಒಂದೇ ಸಂಕೇತ ಸಂಖ್ಯೆ ಕೊಟ್ಟರಾಯಿತು. 1991ರಲ್ಲಿ ಭಾರತೀಯ ಮಾನಕ ಸಂಸ್ಥೆ ಇದನ್ನು 'ಇಸ್ಕಿ' ಎಂಬ ಹೆಸರಿನಲ್ಲಿ ಶಿಷ್ಟತೆಯಾಗಿ ಪ್ರಕಟಿಸಿತು. ಆದರೆ ಪ್ರತಿ ಗಣಕಕ್ಕೂ ಒಂದೊಂದು ಕಾರ್ಡು ಕೊಳ್ಳಬೇಕೆಂದರೆ ಯಾವ ಇಲಾಖೆಯ ಬೊಕ್ಕಸಕ್ಕೂ ಭಾರವೇ.

ವಿಂಡೋಸ್ ಬಂದ ಮೇಲೆ ಕಾರ್ಡಿನ ಅಗತ್ಯ ತಪ್ಪಿತು. ಪರದೆಯ ಮೇಲೆ ಯಾವ ಚಿತ್ರವನ್ನು ಬೇಕಾದರೂ ಅಕ್ಷರವೆಂದು ತೋರಿಸಬಹುದಾಯಿತು. ಮೈಕ್ರೊಸಾಫ್ಟ್ ಕನ್ನಡ ಕೊಡದಿದ್ದರೇನು, ಇಂಗ್ಲಿಷ್ ಅಕ್ಷರಗಳ ಜಾಗದಲ್ಲಿ ಕನ್ನಡದ ತುಂಡುಗಳನ್ನು ಕೂರಿಸಿದ ಫಾಂಟು ಮಾಡಿದರಾಯಿತು. ಅಚ್ಚಿನ ಮೊಳೆಗಳ ಕಾಲದ ಉಪಾಯವೇ ಇದು, ಸೀಸದ ಬದಲು ವಿದ್ಯುತ್ತಿನಲ್ಲಿ. ಶ್ರೀಲಿಪಿ, ಆಕೃತಿ, ಪ್ರಕಾಶಕ್ ಮೊದಲಾದ ಹೆಸರುಗಳು ಅಚ್ಚುಕೂಟಗಳಲ್ಲಿ, ಪತ್ರಿಕಾ ಕಚೇರಿಗಳಲ್ಲಿ ಮನೆಮಾತಾದವು. ಇವುಗಳಲ್ಲಿ ಕೆಲವಕ್ಕೆ ಗಣಕದ ಬೆನ್ನಿಗೆ ಸಿಕ್ಕಿಸುವ ಬೀಗವೊಂದಿತ್ತು. ಡಾಂಗಲ್ ಎಂದು ಕರೆಯುತ್ತಿದ್ದ ಆ ಪುಟ್ಟ ಡಬ್ಬಿ ಇದ್ದರೆ ಕನ್ನಡ ಬರುತ್ತದೆ, ತೆಗೆದರೆ ಇಲ್ಲ. ಒಂದು ಮೇಜಿನವರು ಡಾಂಗಲ್ ತೆಗೆದುಕೊಂಡು ಹೋದರೆ ಇನ್ನೊಂದು ಮೇಜಿನವರು ಕೈಕಟ್ಟಿ ಕೂರಬೇಕು.

ಬೆಲೆಗಿಂತ ದೊಡ್ಡ ತೊಡಕು ಇನ್ನೊಂದಿತ್ತು. ಒಂದೊಂದು ಕಂಪನಿಯೂ ಕನ್ನಡದ ತುಂಡುಗಳನ್ನು ತನಗೆ ತೋಚಿದ ಜಾಗದಲ್ಲಿ ಕೂರಿಸಿತ್ತು. ಕೀಲಿಮಣೆಯೂ ಅಷ್ಟೇ, ಒಬ್ಬರದು ಬೆರಳಚ್ಚು ಯಂತ್ರದ ಕ್ರಮ, ಇನ್ನೊಬ್ಬರದು ಕೇಂದ್ರ ಸರ್ಕಾರದ ಇನ್‌ಸ್ಕ್ರಿಪ್ಟ್, ಮತ್ತೊಬ್ಬರದು ಇಂಗ್ಲಿಷ್ ಉಚ್ಚಾರದ ಜಾಡು. ಒಂದು ಇಲಾಖೆ ಒಂದು ತಂತ್ರಾಂಶ ಕೊಂಡು, ಪಕ್ಕದ ಇಲಾಖೆ ಇನ್ನೊಂದು ಕೊಂಡರೆ ಇವರ ಫ್ಲಾಪಿ ಅವರ ಗಣಕದಲ್ಲಿ ತೆರೆದುಕೊಳ್ಳುತ್ತಿತ್ತು, ಆದರೆ ಓದಲು ಬರುತ್ತಿರಲಿಲ್ಲ. ವರ್ಗವಾಗಿ ಹೋದ ನೌಕರ ಹೊಸ ಕಚೇರಿಯಲ್ಲಿ ಮತ್ತೆ ಅ ಆ ಇ ಈ ಇಂದ ಕೀಲಿ ಹುಡುಕಬೇಕಾಗಿತ್ತು. ನೆರೆಯ ತಮಿಳರಿಗೂ ಇದೇ ಗೋಳು. ಅವರು 1999ರ ಫೆಬ್ರುವರಿಯಲ್ಲಿ ಚೆನ್ನೈನಲ್ಲಿ ಸಮ್ಮೇಳನ ಸೇರಿಸಿ 'ತಮಿಳ್99' ಎಂಬ ಒಂದೇ ಕೀಲಿಮಣೆಗೆ ಒಪ್ಪಿದರು.

ಎಫ್ ಎಂಬ ಕೊಂಡಿ

ಕನ್ನಡದ ಕೀಲಿಮಣೆಯ ಕಗ್ಗಂಟನ್ನು ಬಿಡಿಸಿದ ಆಲೋಚನೆ ಸರ್ಕಾರಿ ಸಮಿತಿಯಲ್ಲಿ ಹುಟ್ಟಿದ್ದಲ್ಲ. ಅದು ಕಿನ್ನಿಕಂಬಳ ಪದ್ಮನಾಭ ರಾವ್ ಅವರದು. ಕೆ.ಪಿ. ರಾವ್ ಎಂದೇ ಹೆಸರಾದ ಇವರು ಮುಂಬೈಯ ಟಾಟಾ ಮೂಲಭೂತ ಸಂಶೋಧನ ಸಂಸ್ಥೆಯಲ್ಲಿ ಕೆಲಸ ಮಾಡಿದವರು. ಮುಂದೆ ಮೋನೋಟೈಪ್ ಸಂಸ್ಥೆಯಲ್ಲಿ ಭಾರತೀಯ ಲಿಪಿಗಳ ಅಕ್ಷರ ಜೋಡಣೆಯಲ್ಲಿ ಪಳಗಿದವರು. ತಾವು ರೂಪಿಸಿದ ತಂತ್ರಾಂಶಕ್ಕೆ ವಿದ್ವಾಂಸ ಸೇಡಿಯಾಪು ಕೃಷ್ಣಭಟ್ಟರ ಹೆಸರಿಟ್ಟು ಅದನ್ನು ಹಣ ಕೇಳದೆ ಹಂಚಿದರು.

ಅವರ ಕೀಲಿಮಣೆಯ ಗುಟ್ಟು ಇಷ್ಟೇ. ಕನ್ನಡವನ್ನು ಕಣ್ಣಿಗೆ ಕಂಡಂತೆ ತುಂಡು ಮಾಡಬೇಡಿ, ಕಿವಿಗೆ ಕೇಳಿದಂತೆ ಬಿಡಿಸಿ. ಇಂಗ್ಲಿಷಿನ 'ಕೆ' ಒತ್ತಿದರೆ ಕ. ಅದರ ಮುಂದೆ 'ಐ' ಒತ್ತಿದರೆ ಕಿ. ಪದದ ಮೊದಲಿಗೆ 'ಐ' ಒತ್ತಿದರೆ ಇ. ಸ್ವರಕ್ಕೂ ಅದರ ಗುಣಿತ ಚಿಹ್ನೆಗೂ ಕೀಲಿ ಒಂದೇ, ಎಲ್ಲಿ ಯಾವುದು ಬೇಕೆಂದು ಯಂತ್ರ ತಾನೇ ಅರಿಯುತ್ತದೆ. ಅಲ್ಪಪ್ರಾಣಕ್ಕೆ ಸಣ್ಣಕ್ಷರ, ಮಹಾಪ್ರಾಣಕ್ಕೆ ಅದೇ ಕೀಲಿಯ ದೊಡ್ಡಕ್ಷರ. ಇನ್ನು ಒತ್ತಕ್ಷರಕ್ಕೆ ಪ್ರತ್ಯೇಕ ಕೀಲಿಗಳೇ ಬೇಡ. ಎರಡು ವ್ಯಂಜನಗಳ ನಡುವೆ 'ಎಫ್' ಎಂಬ ಕೊಂಡಿ ಹಾಕಿದರೆ ಸಾಕು. 'ಕನ್ನಡ' ಎಂದು ಬರೆಯಲು ಕೆ, ಎನ್, ಎಫ್, ಎನ್, ಡಬ್ಲ್ಯು ಹೀಗೆ ಐದು ಹೊಡೆತ. ಟ, ಡಗಳಿಗೆ ಮಾತ್ರ ಇಂಗ್ಲಿಷಿನ ಕ್ಯೂ, ಡಬ್ಲ್ಯುಗಳನ್ನು ಎರವಲು ಪಡೆದದ್ದು ನೆನಪಿಡಬೇಕಾದ ಮಾತು. ಏಕೆಂದರೆ 'ಟಿ', 'ಡಿ'ಗಳು ತ, ದಗಳ ಪಾಲಾಗಿದ್ದವು. ಕರ್ನಾಟಕದ ಅರ್ಕಾವತ್ತು ಬರಹದಲ್ಲಿ ಹಿಂದೆ ಬಂದರೂ ಉಚ್ಚಾರದಲ್ಲಿ ಮುಂದೆ ಇರುತ್ತದಷ್ಟೆ? ಇಲ್ಲಿ ಉಚ್ಚರಿಸಿದ ಕ್ರಮದಲ್ಲಿಯೇ ಒತ್ತಿದರೆ ಯಂತ್ರ ಅದನ್ನು ಹಿಂದಕ್ಕೆ ಸರಿಸಿಕೊಳ್ಳುತ್ತದೆ. ಶಾಲೆಯಲ್ಲಿ ಕಾಗುಣಿತ ಕಲಿತ ಯಾರಾದರೂ ಒಂದು ಮಧ್ಯಾಹ್ನದಲ್ಲಿ ಹಿಡಿತಕ್ಕೆ ತಂದುಕೊಳ್ಳಬಹುದಾದ ಕ್ರಮ ಇದು. ಪಾಣಿನಿಗೂ ಕೇಶಿರಾಜನಿಗೂ ಈ ಏರ್ಪಾಡು ಹಿಡಿಸುತ್ತಿತ್ತು ಎನ್ನಲು ಅಡ್ಡಿಯಿಲ್ಲ.

ಕಷ್ಟವಾದದ್ದು ಕಲಿತವರಿಗೆ. ಇಪ್ಪತ್ತು ವರ್ಷ ಬೆರಳಚ್ಚು ಯಂತ್ರದಲ್ಲಿ ಕಣ್ಣುಮುಚ್ಚಿ ಹೊಡೆಯುತ್ತಿದ್ದವರ ಬೆರಳುಗಳು ಹಳೆಯ ಜಾಗಕ್ಕೇ ಓಡುತ್ತಿದ್ದವು. ಕಚೇರಿಯ ಅತ್ಯಂತ ನುರಿತ ಕೈ ಒಂದು ದಿನ ಬೆಳಗಾಗುವುದರೊಳಗೆ ಅತ್ಯಂತ ನಿಧಾನದ ಕೈಯಾಗುವುದು ಸಣ್ಣ ನೋವಲ್ಲ. ಸುಧಾರಣೆಯ ಕತೆ ಹೇಳುವವರು ಇದನ್ನು ಮರೆಯುವುದುಂಟು.

ಹೊಸ ಶತಮಾನದ ಆರಂಭದಲ್ಲಿ ರಾಜ್ಯ ಸರ್ಕಾರ ಕೆ.ಪಿ. ರಾವ್ ಕೀಲಿಮಣೆಯನ್ನೇ ಶಿಷ್ಟತೆಯೆಂದು ಒಪ್ಪಿಕೊಂಡಿತು. ಫಾಂಟಿನೊಳಗೆ ಕನ್ನಡದ ಯಾವ ತುಂಡು ಎಲ್ಲಿರಬೇಕು ಎಂಬುದನ್ನೂ ನಿಗದಿ ಮಾಡಲಾಯಿತು. ಕನ್ನಡಾಸಕ್ತರು ಸೇರಿ ಕಟ್ಟಿದ ಕನ್ನಡ ಗಣಕ ಪರಿಷತ್ತು ಈ ಶಿಷ್ಟತೆಗೆ ಅನುಗುಣವಾಗಿ ಸಿದ್ಧಪಡಿಸಿದ ತಂತ್ರಾಂಶವೇ 'ನುಡಿ'. ಸರ್ಕಾರ ಅದನ್ನು ತನ್ನದಾಗಿಸಿಕೊಂಡು ಉಚಿತವೆಂದು ಸಾರಿತು. ಅಷ್ಟರಲ್ಲಿ ಅಮೆರಿಕದಲ್ಲಿದ್ದ ಶೇಷಾದ್ರಿವಾಸು ಅವರ 'ಬರಹ' 1998ರಿಂದಲೇ ಹೊರನಾಡ ಕನ್ನಡಿಗರ ಮನೆಗಳಲ್ಲಿ ಉಚಿತವಾಗಿ ಓಡಾಡುತ್ತಿತ್ತು. ಮನೆಯಲ್ಲಿ ಬರಹ, ಕಚೇರಿಯಲ್ಲಿ ನುಡಿ ಎಂಬ ಹಂಚಿಕೆ ಬಹುಕಾಲ ನಡೆಯಿತು.

ಉಚಿತ ಎಂಬ ಮಾತಿನ ಮಹತ್ವವನ್ನು ಹೊರಗಿನವರು ಅರಿಯುವುದು ಕಷ್ಟ. ಸರ್ಕಾರಿ ಕಚೇರಿಯಲ್ಲಿ ಕಾಸು ಕೊಟ್ಟು ಏನನ್ನೇ ಕೊಳ್ಳಬೇಕಾದರೂ ಪ್ರಸ್ತಾವನೆ, ಅನುದಾನ, ದರಪಟ್ಟಿ, ಲೆಕ್ಕ ಪರಿಶೋಧನೆ. ಉಚಿತದ ಸಿ.ಡಿ.ಗೆ ಇವು ಯಾವುವೂ ಬೇಡ. ಜಿಲ್ಲಾ ಕೇಂದ್ರದಿಂದ ತಾಲ್ಲೂಕಿಗೆ, ತಾಲ್ಲೂಕಿನಿಂದ ಹೋಬಳಿಗೆ ಅದು ಕೈಯಿಂದ ಕೈಗೆ ಹೋಯಿತು. ಇಂದಿನ ಹಾಗೆ ಒಂದು ಕೇಂದ್ರದಲ್ಲಿ ಕುಳಿತು ಗುಂಡಿ ಒತ್ತಿ ಸಾವಿರ ಗಣಕಗಳಿಗೆ ತಂತ್ರಾಂಶ ಇಳಿಸುವ ಜಾಲ ಆಗಿನ ತಾಲ್ಲೂಕು ಕಚೇರಿಗಳಲ್ಲಿ ಇರಲಿಲ್ಲ. ಒಬ್ಬೊಬ್ಬರ ಮೇಜಿಗೂ ಹೋಗಿ ಸಿ.ಡಿ. ಹಾಕಿ, ಫಾಂಟುಗಳನ್ನು ನಕಲಿಸಿ, ಪತ್ರಕ್ಕೆ ತೊಡಗುವ ಮೊದಲು ನುಡಿಯನ್ನು ಚಾಲೂ ಮಾಡಬೇಕೆಂದು ಹೇಳಿಕೊಟ್ಟು ಬರಬೇಕಿತ್ತು. ಇಂಗ್ಲಿಷಿನಿಂದ ಕನ್ನಡಕ್ಕೆ ದಾಟಲು ಕೀಲಿಮಣೆಯ ಬಲಮೇಲಿನ 'ಸ್ಕ್ರೋಲ್ ಲಾಕ್' ಗುಂಡಿ. ಜಗತ್ತಿನ ಬೇರೆಲ್ಲ ಕಡೆ ಯಾರೂ ಮುಟ್ಟದೆ ಧೂಳು ತಿನ್ನುವ ಆ ಗುಂಡಿ ಸವೆದದ್ದು ಕರ್ನಾಟಕದ ಸರ್ಕಾರಿ ಕಚೇರಿಗಳಲ್ಲಿಯೇ ಇರಬೇಕು.

ಪಹಣಿಯ ಪರೀಕ್ಷೆ

ಪತ್ರ, ಸುತ್ತೋಲೆ ಬರೆಯುವುದು ಒಂದು ಮಾತು. ಜನರ ಆಸ್ತಿಯ ದಾಖಲೆಯನ್ನೇ ಗಣಕಕ್ಕೆ ಏರಿಸುವುದು ಇನ್ನೊಂದು. ಹಕ್ಕು, ಗೇಣಿ, ಬೆಳೆಗಳನ್ನು ದಾಖಲಿಸುವ ಪಹಣಿ ಶಾನುಭೋಗರ ಕಾಲದಿಂದಲೂ ಕೈಬರಹದಲ್ಲಿ ಸಾಗಿಬಂದದ್ದು. ಶಾನುಭೋಗಿಕೆ ರದ್ದಾದ ಮೇಲೆ ಅದು ಗ್ರಾಮಲೆಕ್ಕಿಗರ ಕೈಗೆ ಬಂತು. ರಾಜ್ಯದಲ್ಲಿ ಅವರ ಸಂಖ್ಯೆ ಸುಮಾರು 9 ಸಾವಿರ. ಸಾಲಕ್ಕೆ, ಜಾಮೀನಿಗೆ, ಕೊಡುಕೊಳ್ಳುವಿಕೆಗೆ ಪಹಣಿ ಬೇಕಾದ ರೈತ ಗ್ರಾಮಲೆಕ್ಕಿಗರು ಸಿಗುವ ದಿನಕ್ಕೆ ಕಾಯಬೇಕು. ಸಿಕ್ಕಿದ ದಿನ ಕೈ ಬಿಸಿ ಮಾಡಬೇಕಾದ ಸಂದರ್ಭಗಳೂ ಕಡಿಮೆ ಇರಲಿಲ್ಲ. ಪುಸ್ತಕ ಒಬ್ಬರ ವಶದಲ್ಲಿ ಇರುವಾಗ ಒಂದು ಗೀಟು ಎಳೆದು ಹೆಸರು ಬದಲಿಸುವುದಕ್ಕೂ ದಾರಿ ತೆರೆದೇ ಇತ್ತು.

1990ರ ದಶಕದ ಆರಂಭದಲ್ಲಿ ಕೇಂದ್ರದ ನೆರವಿನಿಂದ ಗುಲ್ಬರ್ಗಾ ಜಿಲ್ಲೆಯಲ್ಲಿ ಪಹಣಿಗಳ ಗಣಕೀಕರಣದ ಪ್ರಯೋಗ ನಡೆಯಿತು. ಅದು ಹೆಚ್ಚು ಫಲ ಕೊಡಲಿಲ್ಲ. ಕಾರಣ ಸರಳ: ಒಮ್ಮೆ ಮಾಹಿತಿ ತುಂಬಿದ ಮೇಲೆ ಹಳ್ಳಿಯಲ್ಲಿ ಆಗುವ ಬದಲಾವಣೆಗಳನ್ನು ಗಣಕಕ್ಕೆ ಮುಟ್ಟಿಸುವ ವ್ಯವಸ್ಥೆ ಬೇಕು. ಅದಿಲ್ಲದಿದ್ದರೆ ಗಣಕದ ಪಹಣಿ ಹಳೆಯ ಫೋಟೋ ಇದ್ದಂತೆ. 1990ರ ದಶಕದ ಕೊನೆಯಲ್ಲಿ ಆರಂಭವಾದ 'ಭೂಮಿ' ಯೋಜನೆ ಈ ಪಾಠ ಕಲಿತಿತ್ತು. ಕಂದಾಯ ಇಲಾಖೆಯ ಅಧಿಕಾರಿ ರಾಜೀವ್ ಚಾವ್ಲಾ ಅದರ ಮುಂದಾಳು. ತಂತ್ರಾಂಶ ಬರೆದದ್ದು ರಾಷ್ಟ್ರೀಯ ಮಾಹಿತಿ ವಿಜ್ಞಾನ ಕೇಂದ್ರದ ಬೆಂಗಳೂರು ಶಾಖೆ. ಆಗಿದ್ದ 170ಕ್ಕೂ ಹೆಚ್ಚು ತಾಲ್ಲೂಕುಗಳಲ್ಲಿ, ಸುಮಾರು 67 ಲಕ್ಷ ಭೂಮಾಲೀಕರಿಗೆ ಸೇರಿದ ಹೆಚ್ಚು ಕಡಿಮೆ 2 ಕೋಟಿ ಪಹಣಿಗಳು ಗಣಕಕ್ಕೆ ಏರಿದವು. ಅಷ್ಟೂ ಕನ್ನಡದಲ್ಲಿ.

ಮಾಹಿತಿ ತುಂಬಿದವರು ಹಳ್ಳಿಯ ನೆಲ ಕಾಣದ ಹುಡುಗರು. ಅವರ ಮುಂದಿದ್ದದ್ದು ಗ್ರಾಮಲೆಕ್ಕಿಗರ ಕೈಬರಹ. ಒಂದೇ ಹೆಸರಿಗೆ ಹತ್ತು ಬರವಣಿಗೆ, ಮುನಿಯಪ್ಪ ಒಂದು ಪುಟದಲ್ಲಿ ಮುನಿಅಪ್ಪ, ಇನ್ನೊಂದರಲ್ಲಿ ಮುನಿಯಪ. ಮಾಸಿದ ಶಾಯಿಯಲ್ಲಿ ಕನ್ನಡದ ೧ಕ್ಕೂ ೦ಗೂ, ೬ಕ್ಕೂ ೯ಕ್ಕೂ ವ್ಯತ್ಯಾಸ ಹಿಡಿಯಬೇಕು. ಮುದ್ರಿಸಿದ ಹಾಳೆಗಳನ್ನು ಗ್ರಾಮಲೆಕ್ಕಿಗರಿಗೆ ಮರಳಿ ಕೊಟ್ಟು ಮೂಲದೊಂದಿಗೆ ತಾಳೆ ನೋಡಿಸಲಾಯಿತು. ಆದರೂ ತಪ್ಪುಗಳು ಉಳಿದವು. ಕೈಬರಹದ ಪುಸ್ತಕದಲ್ಲಿ ಆದ ತಪ್ಪನ್ನು ಬರೆದವರೇ ತಿದ್ದುತ್ತಿದ್ದರು. ಗಣಕದಲ್ಲಿ ಕೂತ ತಪ್ಪನ್ನು ತಿದ್ದಲು ಅರ್ಜಿ, ವಿಚಾರಣೆ, ಆದೇಶ ಎಲ್ಲವೂ ಬೇಕಾದವು. ಪಹಣಿ ತಿದ್ದುಪಡಿ ಎಂಬ ಮಾತು ಕಂದಾಯ ಅದಾಲತ್ತುಗಳ ನಿತ್ಯದ ವಿಷಯವಾದದ್ದು ಹೀಗೆ. ಎರಡು ಗುಂಟೆ ಎಂದರೆ ಬಯಲುಸೀಮೆಯ ಹೊಲದಲ್ಲಿ ಬದುವಿನ ಲೆಕ್ಕ. ನಾಗಸಂದ್ರದಂಥ ಜಾಗದಲ್ಲಿ ಅದು ಒಂದು ಮನೆ, ಕೆಲವೊಮ್ಮೆ ಒಂದು ಕುಟುಂಬದ ಜೀವಮಾನದ ಗಳಿಕೆ.

ಇಷ್ಟಾದರೂ ಭೂಮಿಯ ಸಾಧನೆಯನ್ನು ಕಡೆಗಣಿಸುವಂತಿಲ್ಲ. ತಾಲ್ಲೂಕು ಕಚೇರಿಯ ಕಿಂಡಿಯಲ್ಲಿ 15 ರೂಪಾಯಿ ಕೊಟ್ಟರೆ ಯಾರ ಪಹಣಿಯನ್ನು ಯಾರು ಬೇಕಾದರೂ ಪಡೆಯಬಹುದಾಯಿತು. ಗಣಕದ ಎರಡನೆಯ ಪರದೆಯೊಂದನ್ನು ರೈತನ ಕಡೆಗೆ ತಿರುಗಿಸಿ ಇಡಲಾಗಿತ್ತು. ಒಳಗೆ ಕುಳಿತವರು ಏನು ಮಾಡುತ್ತಿದ್ದಾರೆಂದು ಹೊರಗೆ ನಿಂತವರಿಗೂ ಕಾಣಬೇಕೆಂಬ ಉದ್ದೇಶ. ಖಾತೆ ಬದಲಾವಣೆಯ ಅರ್ಜಿಗಳನ್ನು ಬಂದ ಸರದಿಯಲ್ಲಿಯೇ ವಿಲೇವಾರಿ ಮಾಡಬೇಕು, ಮಧ್ಯದಿಂದ ಒಂದನ್ನು ಎತ್ತಿಕೊಳ್ಳಲು ತಂತ್ರಾಂಶ ಬಿಡುತ್ತಿರಲಿಲ್ಲ. ಗುರುತಿನ ಚೀಟಿ, ಗುಪ್ತಪದಗಳ ಬದಲು ನೌಕರರ ಬೆರಳಚ್ಚನ್ನೇ ಬೀಗದ ಕೈ ಮಾಡಲಾಯಿತು. ಬೆರಳಚ್ಚುಗಾರರ ಕಾಲ ಮುಗಿದ ಮೇಲೆ ಬೆರಳಚ್ಚು ಎಂಬ ಪದಕ್ಕೆ ಕಚೇರಿಯಲ್ಲಿ ಹೀಗೊಂದು ಮರುಜನ್ಮ! ಗಣಕ ನಡೆಸಲು ಆಯ್ದದ್ದು ಗ್ರಾಮಲೆಕ್ಕಿಗರಲ್ಲೇ ಕಿರಿಯರನ್ನು. ಗಣಕವನ್ನು ಮುಟ್ಟಿಯೇ ನೋಡದವರಿಗೆ ತರಬೇತಿ ಕೊಟ್ಟು ಕೂರಿಸಿದ್ದು ಈ ಯೋಜನೆಯ ಜಾಣತನ. ಹೊರಗಿನಿಂದ ಪರಿಣತರನ್ನು ತಂದಿದ್ದರೆ ಒಳಗಿನವರು ಅದನ್ನು ತಮ್ಮದೆಂದು ಒಪ್ಪುತ್ತಿದ್ದರೋ ಇಲ್ಲವೋ.

ಭೂಮಿಯ ಬೆನ್ನಿಗೇ 2002ರಲ್ಲಿ ಖಜಾನೆ ಇಲಾಖೆಯ 216 ಕಚೇರಿಗಳನ್ನು ಉಪಗ್ರಹ ಸಂಪರ್ಕದಲ್ಲಿ ಹೆಣೆದ 'ಖಜಾನೆ' ಬಂತು. 2003ರಲ್ಲಿ ಉಪನೋಂದಣಾಧಿಕಾರಿಗಳ ಕಚೇರಿಗೆ 'ಕಾವೇರಿ' ಬಂತು.

ಪೌಂಡಿನ ಗುರುತು

ನುಡಿ ಬಳಸಿದವರೆಲ್ಲ ಒಂದಲ್ಲ ಒಂದು ದಿನ ಕಂಡಿರುವ ನೋಟವೊಂದಿದೆ. ಬೇರೆ ಊರಿನ ಕಚೇರಿಯಿಂದ ಬಂದ ಪತ್ರವನ್ನು ಗಣಕದಲ್ಲಿ ತೆರೆದರೆ ಕನ್ನಡದ ಬದಲು ಗೀಟು ಹೊತ್ತ ಇಂಗ್ಲಿಷ್ ಅಕ್ಷರಗಳ ಜಾತ್ರೆ. 'ಕನ್ನಡ' ಎಂಬ ಪದವೇ 'ಪಿ' ಅಕ್ಷರದಿಂದ ಆರಂಭವಾಗಿ, ತಲೆಯ ಮೇಲೆ ಗೀಟಿನ 'ಎ' ಹೊತ್ತು, 'ನ' ಇರಬೇಕಾದ ಜಾಗದಲ್ಲಿ ಬ್ರಿಟಿಷರ ಪೌಂಡಿನ ಗುರುತು ಹಿಡಿದು ನಿಂತಿರುತ್ತದೆ. ಆ ಗಣಕದಲ್ಲಿ ನುಡಿಯ ಫಾಂಟು ಇಲ್ಲ ಎಂದರ್ಥ. ಯಂತ್ರದ ಮಟ್ಟಿಗೆ ಅಲ್ಲಿ ಎಂದೂ ಕನ್ನಡ ಇರಲೇ ಇಲ್ಲ. ಇದ್ದದ್ದು ಪೌಂಡಿನ ಗುರುತೇ. ಫಾಂಟು ಅದಕ್ಕೆ ಕನ್ನಡದ ವೇಷ ಹಾಕಿ ತೋರಿಸುತ್ತಿತ್ತು, ಅಷ್ಟೆ. ಹೀಗಾಗಿ ಹೆಸರುಗಳನ್ನು ಅಕಾರಾದಿಯಾಗಿ ಜೋಡಿಸು ಎಂದರೆ ಸಾಮಾನ್ಯ ತಂತ್ರಾಂಶ ಇಂಗ್ಲಿಷ್ ಸಂಕೇತಗಳ ಕ್ರಮದಲ್ಲಿ ಜೋಡಿಸಿಬಿಡುತ್ತಿತ್ತು. ಹುಡುಕು ಎಂದರೆ ಸಿಗುತ್ತಿರಲಿಲ್ಲ.

ಇದಕ್ಕೆ ಮದ್ದು ಆಗಲೇ ಇತ್ತು. ಜಗತ್ತಿನ ಎಲ್ಲ ಲಿಪಿಗಳ ಪ್ರತಿ ಅಕ್ಷರಕ್ಕೂ ತನ್ನದೇ ಸಂಖ್ಯೆ ಕೊಡುವ ಯೂನಿಕೋಡ್ 1991ರಲ್ಲಿ ಪ್ರಕಟವಾದಾಗಲೇ ಅದರಲ್ಲಿ ಕನ್ನಡಕ್ಕೆ 128 ಮನೆಗಳು ಮೀಸಲಾಗಿದ್ದವು. ಆದರೆ ಮನೆ ಮೀಸಲಾದ ಮಾತ್ರಕ್ಕೆ ವಾಸ ಆಗಬೇಕಲ್ಲ? ಮೈಕ್ರೊಸಾಫ್ಟಿನ ವಿಂಡೋಸಿನಲ್ಲಿ ಯೂನಿಕೋಡ್ ಕನ್ನಡ, ಅದಕ್ಕೊಂದು 'ತುಂಗಾ' ಫಾಂಟು ಬಂದದ್ದು 2001ರ ಎಕ್ಸ್‌ಪಿ ಆವೃತ್ತಿಯಲ್ಲಿ. ಅದೂ ತಾನಾಗಿ ಬರುತ್ತಿರಲಿಲ್ಲ. ಸೆಟಿಂಗಿನಲ್ಲಿ ಎಲ್ಲೋ ಮೂಲೆಯ ಪೆಟ್ಟಿಗೆಯೊಂದಕ್ಕೆ ಗುರುತು ಹಾಕಿ, ಮೂಲ ಸಿ.ಡಿ.ಯನ್ನು ಮತ್ತೆ ತುರುಕಬೇಕಿತ್ತು. ಕಚೇರಿಯ ಬೀರುವಿನಲ್ಲಿ ಆ ಸಿ.ಡಿ. ಎಲ್ಲಿದೆ ಎಂದು ಹುಡುಕುವುದೇ ಒಂದು ಕೆಲಸ.

ಅಚ್ಚಿನ ಮನೆಗಳದು ಇನ್ನೊಂದು ಸಂಕಟ. ಪುಟ ಕಟ್ಟಲು ಎಲ್ಲರೂ ನೆಚ್ಚಿದ್ದ ಪೇಜ್‌ಮೇಕರಿಗೆ ಯೂನಿಕೋಡ್ ಬರುತ್ತಿರಲಿಲ್ಲ. ಯೂನಿಕೋಡಿನಲ್ಲಿ ಬರೆದು ಕಳಿಸಿದ ಲೇಖನವನ್ನು ಹಳೆಯ ಸಂಕೇತಕ್ಕೆ ಇಳಿಸಿಯೇ ಪುಟಕ್ಕೆ ಹಾಕಬೇಕು. ಹಾಗಿರುವಾಗ ಕಚೇರಿಯವರು ಬದಲಾಗುವ ಗೊಡವೆಗೆ ಏಕೆ ಹೋದಾರು? ಯು.ಬಿ. ಪವನಜ ಮೊದಲಾದ ಗಣಕ ತಜ್ಞರು, 2007ರಲ್ಲಿ ತೀರಿಕೊಳ್ಳುವವರೆಗೂ ತೇಜಸ್ವಿ, ಯೂನಿಕೋಡಿಗೆ ಬದಲಾಗಿ ಎಂದು ಒತ್ತಾಯಿಸಿದರು. ಕುವೆಂಪು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದ ಕೆ. ಚಿದಾನಂದ ಗೌಡರ ಅಧ್ಯಕ್ಷತೆಯಲ್ಲಿ ಸರ್ಕಾರ ತಂತ್ರಾಂಶ ಅಭಿವೃದ್ಧಿ ಸಮಿತಿ ರಚಿಸಿತು. 2012ರ ಹೊತ್ತಿಗೆ ಸರ್ಕಾರವೂ ಯೂನಿಕೋಡನ್ನು ಶಿಷ್ಟತೆಯೆಂದು ಒಪ್ಪಿತು. ನುಡಿಯೂ ಯೂನಿಕೋಡ್ ಕಲಿಯಿತು. ಕೀಲಿಮಣೆ ಮಾತ್ರ ಬದಲಾಗಲಿಲ್ಲ. ಎಫ್ ಎಂಬ ಕೊಂಡಿ ಇದ್ದಲ್ಲಿಯೇ ಇತ್ತು. ಈ ಒಂದು ಕಾರಣಕ್ಕೆ ಎರಡನೆಯ ದಾಟು ಮೊದಲನೆಯದರಷ್ಟು ನೋಯಿಸಲಿಲ್ಲ.

ಅದೇ 2012ರಲ್ಲಿ ಸರ್ಕಾರಿ ನೌಕರರಿಗೆ ಕಂಪ್ಯೂಟರ್ ಸಾಕ್ಷರತಾ ಪರೀಕ್ಷೆಯನ್ನು ಕಡ್ಡಾಯ ಮಾಡುವ ನಿಯಮ ಹೊರಬಿತ್ತು. ಪತ್ರ ಟೈಪಿಸುವುದು, ಲೆಕ್ಕದ ಹಾಳೆ ತುಂಬುವುದು, ಜತೆಗೆ ನುಡಿ. ಪಾಸಾಗಲು ಕೊಟ್ಟ ಗಡುವನ್ನು ಒಂದಕ್ಕಿಂತ ಹೆಚ್ಚು ಸಲ ಮುಂದೂಡಬೇಕಾಯಿತು. ಹೆಂಡತಿ ಮಕ್ಕಳಿಗೆ ತಿಳಿಯದಂತೆ ಬಡಾವಣೆಯ ಗಣಕ ಕೇಂದ್ರಕ್ಕೆ ಸಂಜೆ ಹೊತ್ತು ಹೋಗಿ ಅಭ್ಯಾಸ ಮಾಡಿದ ನಡುವಯಸ್ಸಿನ ನೌಕರರ ಹಾಸ್ಯ ಕತೆಗಳು ಪ್ರತಿ ಇಲಾಖೆಯಲ್ಲೂ ಚಾಲ್ತಿಯಲ್ಲಿವೆ. ಪರೀಕ್ಷೆಯ ಭಯಕ್ಕೆ ವಯಸ್ಸಿಲ್ಲ.

ಹೊಸ ಪತ್ರಗಳು ಯೂನಿಕೋಡಿಗೆ ಬಂದವು, ಕಡತಗಳೇ ಕಾಗದ ಬಿಟ್ಟು ಇ-ಆಫೀಸಿಗೆ ಏರತೊಡಗಿದವು. ಗ್ರಾಮಲೆಕ್ಕಿಗರ ಹುದ್ದೆಯ ಹೆಸರೂ ಗ್ರಾಮ ಆಡಳಿತ ಅಧಿಕಾರಿ ಎಂದಾಯಿತು. ಉಳಿದದ್ದು ನಡುವಿನ ಆ ಹತ್ತು ಹದಿನೈದು ವರ್ಷಗಳ ಬರಹ. ಹಳೆಯ ಗಣಕಗಳ ಹೊಟ್ಟೆಯಲ್ಲಿ, ಸಿ.ಡಿ.ಗಳಲ್ಲಿ, ಅಂಚೆ ಪೆಟ್ಟಿಗೆಯಷ್ಟು ಧೂಳು ಹಿಡಿದ ಫ್ಲಾಪಿ ಡಬ್ಬಗಳಲ್ಲಿ ಆದೇಶಗಳು, ನಡವಳಿಗಳು, ಫಲಾನುಭವಿಗಳ ಪಟ್ಟಿಗಳು ಪೌಂಡಿನ ಗುರುತಿನ ವೇಷದಲ್ಲಿಯೇ ಇವೆ. ಅವನ್ನು ಯೂನಿಕೋಡಿಗೆ ತಿರುಗಿಸುವ ಪರಿವರ್ತಕಗಳು ಬೇಕಾದಷ್ಟು ಸಿಗುತ್ತವೆ, ಕಾಸಿಲ್ಲದೆ. ಆದರೆ ಪರಿವರ್ತಿಸಿದ ಮೇಲೆ ಯಾರಾದರೂ ಕುಳಿತು ಒತ್ತು, ಅರ್ಕಾವತ್ತುಗಳನ್ನು ಮೂಲದೊಂದಿಗೆ ತಾಳೆ ನೋಡಬೇಕು. ಮೂಲ ಎಂದರೆ ಇಲ್ಲಿ ಮುದ್ರಿಸಿ ಸಹಿ ಹಾಕಿದ ಕಾಗದವೇ.

ನಾಗಸಂದ್ರದ ಸುತ್ತಿನ ಜನರಿಗೆ ಇದು ಕೇವಲ ಶಾಸ್ತ್ರದ ಮಾತಲ್ಲ. ಈ ಭಾಗದ ದಾಸರಹಳ್ಳಿ ನಗರಸಭೆ 2007ರಲ್ಲಿ ಬೃಹತ್ ಬೆಂಗಳೂರು ಮಹಾನಗರ ಪಾಲಿಕೆಯೊಳಗೆ ಕರಗಿತು. ಹಳ್ಳಿಯ ಪಹಣಿ, ನಗರಸಭೆಯ ಖಾತೆ, ಪಾಲಿಕೆಯ ಖಾತೆ ಹೀಗೆ ಒಂದೇ ತುಂಡು ನೆಲಕ್ಕೆ ಮೂರು ಕಚೇರಿಗಳ, ಮೂರು ಕಾಲದ ಬರಹಗಳು. ಅವುಗಳಲ್ಲಿ ಅಜ್ಜನ ಹೆಸರಿನ ಕಾಗುಣಿತ ಒಂದರಿಂದ ಇನ್ನೊಂದಕ್ಕೆ ಕೂಡಿಬರದಿದ್ದರೆ ಮೊಮ್ಮಗ ಇಬ್ಬರೂ ಒಬ್ಬರೇ ಎಂದು ಪ್ರಮಾಣಪತ್ರ ಬರೆಸಿ ತರಬೇಕು. ಅದನ್ನು ಟೈಪು ಮಾಡಿಕೊಡುವವರು ಕಚೇರಿಯ ಎದುರು ಛತ್ರಿಯ ನೆರಳಿನಲ್ಲಿಯೋ ಜೆರಾಕ್ಸ್ ಅಂಗಡಿಯ ಮೂಲೆಯಲ್ಲಿಯೋ ಕುಳಿತಿರುತ್ತಾರೆ. ಛಾಪಾ ಕಾಗದ ಪ್ರಿಂಟರಿನೊಳಗೆ ಹೋಗುವ ಮೊದಲು ಅವರು ಪರದೆಯನ್ನು ಗಿರಾಕಿಯ ಕಡೆಗೆ ತಿರುಗಿಸಿ, ಹೆಸರು ಸರಿಯಿದೆಯೇ ನೋಡಿಕೊಳ್ಳಿ ಸ್ವಾಮಿ, ಎನ್ನುತ್ತಾರೆ.